ಕುಮಟಾದ ಉಪ್ಪುಗಾಳಿಯಲ್ಲಿ ಸರ್ವೋ ಕಂಟ್ರೋಲರ್: ಕೆಲವು ಮಳೆಗಾಲ ಬಳಸಿದ ಮೇಲೆ

ಬಾಗಿಲು, ದೇವರ ಮಂಟಪ ಕೆತ್ತುವ ನಮ್ಮ ಸಿಎನ್‌ಸಿ ರೂಟರ್‌ಗೆ (ಕಂಪ್ಯೂಟರ್ ಹೇಳಿದಂತೆ ಮರ ಕೆತ್ತುವ ಮೆಷಿನ್) ಎಕ್ಸ್, ವೈ, ಝಡ್ ಎಂಬ ಮೂರು ಆಕ್ಸಿಸ್‌ನ (ಚಲಿಸುವ ದಿಕ್ಕಿನ) ಮೋಷನ್ ಕಂಟ್ರೋಲರ್, ಅದು ಹೇಳಿದಂತೆ ಮೋಟಾರ್ ಓಡಿಸುವ ಸರ್ವೋ ಡ್ರೈವ್ ಹಾಕಿಸಿ ಕೆಲವು ಮಳೆಗಾಲ ಕಳೆಯಿತು. ಕೆತ್ತನೆ ಬಗ್ಗೆ ದೂರಿಲ್ಲ. ಸಾಗವಾನಿ ಮೇಲೆ ಹೂಬಳ್ಳಿ ಈಗಲೂ ಚೊಕ್ಕವಾಗಿ ಬರುತ್ತದೆ. ತಾಪತ್ರಯ ಏನಿದ್ದರೂ ಇವನ್ನೆಲ್ಲ ಕೂರಿಸಿದ ಪ್ಯಾನೆಲ್ ಒಳಗೆ.

ಪ್ಯಾನೆಲ್‌ನ ಫ್ಯಾನ್ ಫಿಲ್ಟರ್ ಆರು ತಿಂಗಳಿಗೊಮ್ಮೆ ನೋಡಿದರೆ ಸಾಕು ಅಂತ ಮಾರಿದವರು ಅಂದಿದ್ದರು. ಮರದ ಪುಡಿ ಹಾರುವ ಕಡೆ ಅದು ನಡೆಯಲ್ಲ, ನಾವು ವಾರಕ್ಕೊಮ್ಮೆ ಬಿಚ್ಚುತ್ತೇವೆ. ಫಿಲ್ಟರ್ ಕಟ್ಟಿದರೆ ಒಳಗೆ ಕಾವು ಏರುತ್ತದೆ. 10 ಡಿಗ್ರಿ ಜಾಸ್ತಿಯಾದರೆ ಡ್ರೈವ್‌ನ ಕೆಪಾಸಿಟರ್ (ಕರೆಂಟ್ ಕೂಡಿಡುವ ಭಾಗ) ಆಯಸ್ಸು ಸುಮಾರು ಅರ್ಧಕ್ಕಿಳಿಯುತ್ತದೆ. ಕಂಪ್ರೆಸರ್ ಗಾಳಿ ಮಾತ್ರ ಊದಬೇಡಿ. ಅದರಲ್ಲಿ ನೀರು, ಎಣ್ಣೆ ಎರಡೂ ಇರುತ್ತೆ, ಪುಡಿಯೂ ಕನೆಕ್ಟರ್ ಒಳಗೆ ಹೋಗಿ ಕೂರುತ್ತದೆ. ಮೆತ್ತನೆಯ ಬ್ರಷ್, ವ್ಯಾಕ್ಯೂಮ್ ಸಾಕು.

ಒಂದು ಆಷಾಢದಲ್ಲಿ ವೈ ಆಕ್ಸಿಸ್ ಎನ್‌ಕೋಡರ್ (ಮೋಟಾರ್ ಎಷ್ಟು ತಿರುಗಿತೆಂದು ಹೇಳುವ ಭಾಗ) ಅಲಾರ್ಮ್ ಪದೇಪದೇ ಬರತೊಡಗಿತು. ಮಾರಿದವರು ಫೋನಿನಲ್ಲೇ 'ಡ್ರೈವ್ ಹೋಗಿದೆ, ಹೊಸದು ಹಾಕಿ' ಎಂದರು. ನೋಡದೇ ಹೇಳುವ ಮಾತಾ ಇದು? ನಮ್ಮ ಎಲೆಕ್ಟ್ರಿಷಿಯನ್ ಎಕ್ಸ್ ಮತ್ತು ವೈ ಡ್ರೈವ್ ಅದಲುಬದಲು ಮಾಡಿದರು. ಎರಡೂ ಒಂದೇ ರೇಟಿಂಗ್, ಪ್ಯಾರಾಮೀಟರ್ (ಡ್ರೈವ್‌ನ ಸೆಟ್ಟಿಂಗ್) ಕೂಡ ಅದಕ್ಕೆ ತಕ್ಕಂತೆ ಬದಲಿಸಿದರು. ಅಲಾರ್ಮ್ ವೈ ಬಿಟ್ಟು ಕದಲಲಿಲ್ಲ. ಅಂದರೆ ಡ್ರೈವ್ ಸರಿಯಿದೆ, ತೊಂದರೆ ಕೇಬಲ್ ಅಥವಾ ಮೋಟಾರ್ ಕಡೆ. ಕನೆಕ್ಟರ್ ಬಿಚ್ಚಿದರೆ ಪಿನ್ನಿಗೆಲ್ಲ ಹಸಿರು ಕಿಲುಬು! ಕಾಂಟ್ಯಾಕ್ಟ್ ಕ್ಲೀನರ್ ಹೊಡೆದು, ಒಣಗಿಸಿ ಕೂರಿಸಿದ ಮೇಲೆ ಆ ಅಲಾರ್ಮ್ ಮತ್ತೆ ಬಂದಿಲ್ಲ.

ಆಮೇಲೆ ಪ್ಯಾನೆಲ್‌ಗೆ ಥರ್ಮೋಸ್ಟಾಟ್ ಇರುವ ಸಣ್ಣ ಹೀಟರ್ ಹಾಕಿಸಿದೆವು. ರಾತ್ರಿ ಮೆಷಿನ್ ನಿಂತಾಗ ಒಳಗೆ ಬೆವರು ಕಟ್ಟುವುದು ನಿಂತಿದೆ. ಮಳೆಗೆ ಮುಂಚೆ ಟರ್ಮಿನಲ್ ಸ್ಕ್ರೂ ಬಿಗಿ ನೋಡುತ್ತೇವೆ. ಮೇನ್ಸ್ ಆಫ್ ಮಾಡಿದ ಕೂಡಲೇ ಕೈ ಹಾಕಬೇಡಿ, ಕೆಪಾಸಿಟರ್‌ನಲ್ಲಿ ಜೀವ ತೆಗೆಯುವಷ್ಟು ವೋಲ್ಟೇಜ್ ಉಳಿದಿರುತ್ತದೆ. ಚಾರ್ಜ್ ಲ್ಯಾಂಪ್ ಆರಿ, ಮ್ಯಾನುವಲ್ ಹೇಳಿದಷ್ಟು ನಿಮಿಷ ಕಾದು, ಮೀಟರ್ ಹಿಡಿದು ನೋಡಿಯೇ ಮುಟ್ಟಬೇಕು.

ಎನ್‌ಕೋಡರ್‌ನ 3.6 ವೋಲ್ಟ್ ಲಿಥಿಯಂ ಬ್ಯಾಟರಿ ವಿಷಯ ಉಲ್ಟಾ. ನಮ್ಮ ಡ್ರೈವ್‌ನಲ್ಲಿ ಅದನ್ನು ಕಂಟ್ರೋಲ್ ಪವರ್ (ಡ್ರೈವ್‌ನ ಒಳಗಿನ ಸರ್ಕ್ಯೂಟಿನ ಕರೆಂಟ್) ಆನ್ ಇಟ್ಟೇ ಬದಲಿಸಬೇಕು. ಇಲ್ಲದಿದ್ದರೆ ಹೋಮ್ ಪೊಸಿಷನ್ (ಮೆಷಿನ್ ಅಳತೆ ಶುರುಮಾಡುವ ಜಾಗ) ಅಳಿಸಿಹೋಗುತ್ತದೆ.

ವಸ್ತುವಿಗೆ ಐದರಲ್ಲಿ ನಾಲ್ಕು, ಸರ್ವಿಸ್‌ಗೆ ಒಂದೂವರೆ. ಮಳೆಯಲ್ಲಿ ಹುಬ್ಬಳ್ಳಿಯಿಂದ ಘಟ್ಟ ಇಳಿದು ಬರಲು ಯಾರೂ ಒಪ್ಪಲ್ಲ. ಕೊಳ್ಳುವವರು ಪ್ಯಾರಾಮೀಟರ್ ಬ್ಯಾಕಪ್ ಪೆನ್‌ಡ್ರೈವ್‌ಗೆ ಹಾಕಿಸಿಕೊಳ್ಳಿ, ಒಂದು ಎನ್‌ಕೋಡರ್ ಕೇಬಲ್ ಜಾಸ್ತಿ ತೆಗೆದುಕೊಳ್ಳಿ. ಬಾಕಿ ದುಡ್ಡು ಕೊಡುವುದು ಆಮೇಲೆ.