ಹಳೇ ಕಾರು: ಡೀಲರ್ ಹತ್ತಿರವೋ, ನೇರ ಮಾಲೀಕರ ಹತ್ತಿರವೋ?

ಮೈಸೂರು, ಮಂಡ್ಯ ಕಡೆ ಐದಾರು ವರ್ಷ ಓಡಿದ ಕಾರು ಹುಡುಕುವವರಿಗೆ ಬೆಲೆಯೊಂದೇ ಮುಖ್ಯವಾದರೆ ನೇರ ಮಾಲೀಕರೇ ಸರಿ. ಡೀಲರ್ ತನ್ನ ಲಾಭದ ಮೇಲೆ 18% ಜಿಎಸ್‌ಟಿ ಕಟ್ಟಬೇಕು. ರಿಪೇರಿ, ಪಾಲಿಶ್, ವಾರಂಟಿ ಖರ್ಚೂ ಬೆಲೆಗೇ ಸೇರುತ್ತದೆ. 2025ರ ಸೆಪ್ಟೆಂಬರ್ 22ರಿಂದ ಹೊಸ ಸಣ್ಣ ಕಾರುಗಳ ಜಿಎಸ್‌ಟಿ 28ರಿಂದ 18%ಗೆ ಇಳಿದಿದೆ. ಆದ್ದರಿಂದ ಯಾರ ಹತ್ತಿರವೇ ಆಗಲಿ, ಹೊಸ ಗಾಡಿಯ ಇವತ್ತಿನ ಆನ್‌ರೋಡ್ ಬೆಲೆ ಮುಂದಿಟ್ಟುಕೊಂಡೇ ಚೌಕಾಸಿ ಮಾಡಿ.

ಕಾಗದಪತ್ರದ ವಿಷಯದಲ್ಲಿ ಒಳ್ಳೆಯ ಡೀಲರ್ ವಾಸಿ, ಓಡಾಟ ಅವರದೇ. ಮಾಲೀಕರಿಂದ ಕೊಂಡರೆ ಮಾಲೀಕತ್ವ ವರ್ಗಾವಣೆಯ ಫಾರಂ 29, 30ಕ್ಕೆ ಮಾಲೀಕರ ಸಹಿ ಹಾಕಿಸಿಕೊಳ್ಳುವುದು ನಿಮ್ಮ ಕೆಲಸ. ಆರ್‌ಸಿಯಲ್ಲಿ ಸಾಲದ ನಮೂದು ಇದ್ದರೆ ಬ್ಯಾಂಕಿನ ಎನ್‌ಒಸಿ (ಆಕ್ಷೇಪಣೆ ಇಲ್ಲ ಎಂಬ ಪತ್ರ), ಆ ನಮೂದು ತೆಗೆಸುವ ಫಾರಂ 35 ಕೈಗೆ ಬರುವ ತನಕ ಪೂರ್ತಿ ದುಡ್ಡು ಕೊಡಲೇಬೇಡಿ. ಸಾಲ ತೀರಿದೆ ಎಂಬ ಬಾಯಿಮಾತು ಆರ್‌ಟಿಒ ಕಚೇರಿಯಲ್ಲಿ ನಡೆಯುವುದಿಲ್ಲ. ಇನ್ಶೂರೆನ್ಸ್ 14 ದಿನದೊಳಗೆ ನಿಮ್ಮ ಹೆಸರಿಗೆ ಮಾಡಿಸಿ. ನೋ ಕ್ಲೈಮ್ ಬೋನಸ್ (ಕ್ಲೈಮ್ ಮಾಡದವರಿಗೆ ಪ್ರೀಮಿಯಂನಲ್ಲಿ ಸಿಗುವ ರಿಯಾಯಿತಿ) ಹಳೇ ಮಾಲೀಕರಲ್ಲೇ ಉಳಿಯುವುದರಿಂದ ಆ ವ್ಯತ್ಯಾಸವನ್ನು ನೀವೇ ಕಟ್ಟಬೇಕು.

ನಂಬಿಕಸ್ಥ ಮೆಕ್ಯಾನಿಕ್ ಜೊತೆಗಿಲ್ಲದಿದ್ದರೆ ಡೀಲರ್ ಹತ್ತಿರವೇ ಹೋಗಿ, ಆದರೆ ವಾರಂಟಿ ಯಾವ ಭಾಗಗಳಿಗೆ ಎಂದು ಬರೆಸಿಕೊಳ್ಳಿ. ಕ್ಲಚ್, ಬ್ರೇಕ್ ಪ್ಯಾಡ್, ಬ್ಯಾಟರಿ ಸಾಮಾನ್ಯವಾಗಿ ಅದರಲ್ಲಿ ಇರುವುದಿಲ್ಲ.

ಡೀಲರ್ ಆಗಲಿ, ಮಾಲೀಕರಾಗಲಿ, ಬಾನೆಟ್ ಎತ್ತಿಸಿ ಫೆಂಡರ್ (ಮುಂದಿನ ಚಕ್ರದ ಮೇಲಿನ ತಗಡು) ಬೋಲ್ಟ್ ನೋಡಿ. ಬೋಲ್ಟಿನ ಮೂಲೆಯ ಬಣ್ಣ ಎದ್ದಿದ್ದರೆ ಸ್ಪ್ಯಾನರ್ ಹಾಕಿ ಬಿಚ್ಚಿದ್ದಾರೆ ಎಂದರ್ಥ. ಯಾಕೆ ಬಿಚ್ಚಿದರು ಎಂದು ಕೇಳಿ. ಟೈರಿನ ಮೇಲೆ 2321 ಎಂದಿದ್ದರೆ ಅದು 2021ರ 23ನೇ ವಾರದ್ದು. ನಾಲೆ ಏರಿ, ಕಬ್ಬಿನ ಗದ್ದೆ ದಾರಿಯಲ್ಲಿ ಓಡಿದ ಗಾಡಿಯಾದರೆ ಲೋಯರ್ ಆರ್ಮ್ ಬುಷ್ (ಚಕ್ರದ ಸಸ್ಪೆನ್ಷನ್‌ನ ರಬ್ಬರ್) ಸವೆದಿರಬಹುದು. ಹಂಪ್ ಮೇಲೆ ನಿಧಾನವಾಗಿ ಹತ್ತಿಸಿ, ಕಟಕಟ ಸದ್ದು ಕೇಳಿಸಿಕೊಳ್ಳಿ.