ಪ್ರಾಸ ಹುಡುಕಲು ಹೋದವನಿಗೆ ಸಾಲಪತ್ರ ಸಿಕ್ಕಿತು

ಕನ್ನಡ ಅರ್ಥ, ಟಿಪ್ಪಣಿ, ಪಾರಾಯಣದ ಆಡಿಯೋ ಮೂರೂ ಇರುವ ಕುರ್‌ಆನ್ ಆ್ಯಪ್ ಒಂದನ್ನು ಮೂರು ತಿಂಗಳಿಂದ ಬಳಸುತ್ತಿದ್ದೇನೆ. ನನಗೆ ಛಂದಸ್ಸಿನ ಹುಚ್ಚು, ಶುರು ಮಾಡಿದ್ದೇ ಪ್ರಾಸ ಕೇಳುವ ಆಸೆಗೆ. 55ನೇ ಅಧ್ಯಾಯ ಅರ್‌ರಹ್ಮಾನ್‌ನಲ್ಲಿ ಒಂದೇ ಸಾಲು 31 ಸಲ ಮರಳಿ ಬರುತ್ತದೆ. ಪಲ್ಲವಿ ಇರಬೇಕು ಅಂದುಕೊಂಡೆ. ಅರ್ಥ ನೋಡಿದರೆ, ನಿಮ್ಮ ಪ್ರಭುವಿನ ಯಾವ ಅನುಗ್ರಹವನ್ನು ಅಲ್ಲಗಳೆಯುತ್ತೀರಿ ಎಂಬ ಪಾಟೀಸವಾಲು!

ಟಿಪ್ಪಣಿಗಳೇ ಆ್ಯಪ್‌ನ ಜೀವಾಳ. 36:69ರಲ್ಲಿ, ಅಂದರೆ 36ನೇ ಅಧ್ಯಾಯದ 69ನೇ ವಚನದಲ್ಲಿ, ಪ್ರವಾದಿಗೆ ಕಾವ್ಯ ಕಲಿಸಿಲ್ಲ, ಇದು ಉಪದೇಶ ಎಂಬ ಮಾತಿದೆ. ಅಲ್ಲಿ ಒತ್ತಿದರೆ ‘ಇದು ಕವಿಯ ಮಾತಲ್ಲ’ ಎನ್ನುವ 69:41 ತೆರೆಯುತ್ತದೆ. ಅಂತ್ಯಪ್ರಾಸವಿದ್ದರೂ ಇದು ಅರಬ್ಬೀ ವೃತ್ತಗಳ ಲೆಕ್ಕಕ್ಕೆ ಸಿಗುವುದಿಲ್ಲ ಎಂಬ ವಿವರಣೆ ನನ್ನಂಥವನಿಗೆ ಹಬ್ಬ. (ಕವಿಗಳೇ, ಗಾಬರಿ ಬೇಡ: ಕವಿಗಳನ್ನು ಟೀಕಿಸುವ ವಚನಗಳ ಬೆನ್ನಿಗೇ 26:227ರಲ್ಲಿ ಸತ್ಕರ್ಮ ಮಾಡುವ ವಿಶ್ವಾಸಿ ಕವಿಗಳಿಗೆ ವಿನಾಯಿತಿಯಿದೆ.)

ನನ್ನನ್ನು ನಿಜಕ್ಕೂ ಹಿಡಿದು ನಿಲ್ಲಿಸಿದ್ದು 2:282. ಇಡೀ ಗ್ರಂಥದ ಅತಿ ಉದ್ದದ ವಚನ, ವಿಷಯ ಸಾಲ! ವಾಯಿದೆಯ ಸಾಲವನ್ನು ಬರೆದಿಡಿ, ಬರೆಯುವವನು ನ್ಯಾಯವಾಗಿ ಬರೆಯಲಿ, ಸಾಕ್ಷಿಗಳಿರಲಿ, ಮೊತ್ತ ಸಣ್ಣದೆಂದು ಬೇಸರಿಸಬೇಡಿ. ಯಾವ ಕವಿ ಇದನ್ನು ಬರೆದಾನು? ಭಾವನಿಗೆ ಬಾಯಿಮಾತಲ್ಲಿ ಕೊಟ್ಟ ಕೈಸಾಲ ನೆನಪಾಗಿ, ಮರುದಿನವೇ ಚೀಟಿ ಬರೆಸಿಕೊಂಡೆ. ಅವನಿಗೆ ಸ್ವಲ್ಪ ಮುನಿಸು.

ಹುಡುಕಾಟ ಮಾತ್ರ ಕೆಟ್ಟದು. ಅಧ್ಯಾಯಕ್ಕೆ ಅರಬ್ಬೀ ಹೆಸರಾದ ‘ಸೂರಾ’ ಎಂದು ಬರೆದರೆ ಸಿಗುತ್ತದೆ, ‘ಸೂರಃ’ ಎಂದು ಬರೆದರೆ ಇಲ್ಲ. ಕನ್ನಡ ಅರ್ಥ ಓದುವ ದನಿ ವಾರ್ತೆ ಓದಿದ ಹಾಗಿದೆ, ನಾನು ಅದನ್ನು ಆಫ್ ಮಾಡಿಯೇ ಇಟ್ಟಿದ್ದೇನೆ. ಐದಕ್ಕೆ ನಾಲ್ಕು.