ಜಾತಿ ದೌರ್ಜನ್ಯದ ದೂರು, ಪರಿಹಾರ, ಕೋರ್ಟು: ಕೊಪ್ಪಳ–ರಾಯಚೂರು ಕಡೆ ಈ ಸರ್ಕಾರಿ ಸೇವೆ ಎಷ್ಟು ನಡೆಯುತ್ತದೆ?

ಮೊದಲೇ ಅಂಕ ಕೊಟ್ಟುಬಿಡೋಣ. 1989ರ ಪರಿಶಿಷ್ಟ ಜಾತಿ ಮತ್ತು ಪಂಗಡಗಳ ದೌರ್ಜನ್ಯ ತಡೆ ಕಾಯ್ದೆಗೆ ಐದಕ್ಕೆ ನಾಲ್ಕೂವರೆ. ಅದನ್ನು ಕೇರಿಯ ಮನೆಬಾಗಿಲಿಗೆ ಮುಟ್ಟಿಸಬೇಕಾದ ಸೇವೆಗೆ, ಅಂದರೆ ಸಹಾಯವಾಣಿ, ಠಾಣೆ, ಸಮಾಜ ಕಲ್ಯಾಣ ಇಲಾಖೆ, ವಿಶೇಷ ನ್ಯಾಯಾಲಯ ಎಲ್ಲ ಸೇರಿದ ಸಾಲಿಗೆ, ಎರಡು. ನಡುವಿನ ಎರಡೂವರೆ ಅಂಕ ಬಹುಪಾಲು ಒಂದೇ ಕಡೆ ಸೋರಿಹೋಗುತ್ತದೆ: ದೂರಿನ ಮೊದಲ ಹಾಳೆಯಲ್ಲಿ. ತನಿಖೆ ಯಾರು ಮಾಡಬೇಕು, ಪರಿಹಾರ ಎಷ್ಟು ಬರುತ್ತದೆ, ಆರೋಪಿಗೆ ನಿರೀಕ್ಷಣಾ ಜಾಮೀನು ಸಿಗುತ್ತದೋ ಇಲ್ಲವೋ, ಎಲ್ಲವೂ ಆ ಹಾಳೆಯಲ್ಲಿ ಏನು ಬರೆದಿದೆ ಎನ್ನುವುದಕ್ಕೆ ಗಂಟುಬಿದ್ದಿದೆ.

ಸಹಾಯವಾಣಿ 14566 2021ರ ಡಿಸೆಂಬರ್‌ನಿಂದ ಇದೆ. ಶುಲ್ಕವಿಲ್ಲ, ದಿನದ 24 ಗಂಟೆಯೂ ಕರೆ ಮಾಡಬಹುದು. ಕರೆ ಮಾಡಿದವರಿಗೆ ಒಂದು ಡಾಕೆಟ್ ಸಂಖ್ಯೆ, ಅಂದರೆ ದೂರಿನ ಗುರುತಿನ ಸಂಖ್ಯೆ, ಕೊಡಬೇಕು. ಅದನ್ನು ಬರೆದಿಟ್ಟುಕೊಳ್ಳದಿದ್ದರೆ ಕರೆ ಮಾಡಿದ್ದೂ ಮಾಡದ್ದೂ ಒಂದೇ. ಇದು ದೂರನ್ನು ಮುಂದಕ್ಕೆ ತಳ್ಳುವ ವ್ಯವಸ್ಥೆ ಅಷ್ಟೇ, ಎಫ್‌ಐಆರ್ ಅಲ್ಲ. ಹೊಡೆದಾಟ ನಡೆಯುತ್ತಿರುವಾಗ 112ಕ್ಕೇ ಮಾಡಬೇಕು. ‘ಸಹಾಯವಾಣಿಗೆ ಹೇಳಿದ್ದೀವಲ್ಲ’ ಎಂದು ಠಾಣೆಗೆ ಹೋಗದೆ ಕುಳಿತವರ ಪ್ರಕರಣದಲ್ಲಿ ಮುಂದೆ ‘ದೂರು ಯಾಕೆ ತಡವಾಯಿತು’ ಎನ್ನುವ ಪ್ರಶ್ನೆಯೇ ಆರೋಪಿಯ ವಕೀಲರಿಗೆ ಮೊದಲ ಅಸ್ತ್ರವಾಗುತ್ತದೆ.

ಇನ್ನು ಠಾಣೆ. ‘ಮೊದಲು ವಿಚಾರಣೆ ಮಾಡ್ತೀವಿ, ಆಮೇಲೆ ನೋಡೋಣ’, ‘ಎರಡೂ ಕಡೆಯವರನ್ನ ಕರೆಸ್ತೀವಿ, ಕೂತು ಬಗೆಹರಿಸಿಕೊಳ್ಳಿ’ ಎನ್ನುವ ಮಾತು ಕೊಪ್ಪಳ, ರಾಯಚೂರು, ಬಳ್ಳಾರಿ ಈ ಮೂರೂ ಜಿಲ್ಲೆಗಳಿಗೆ ಹೊಸದಲ್ಲ. ಕಾಯ್ದೆಯ 18ಎ ಕಲಂ ಪ್ರಕಾರ ಎಫ್‌ಐಆರ್‌ಗೆ ಮೊದಲು ಪ್ರಾಥಮಿಕ ವಿಚಾರಣೆ ಬೇಕಿಲ್ಲ, ಬಂಧನಕ್ಕೆ ಮೇಲಿನವರ ಅನುಮತಿಯೂ ಬೇಕಿಲ್ಲ. ಈ ಕಲಂ ಪುಕ್ಕಟೆ ಬಂದದ್ದಲ್ಲ. 2018ರ ಮಾರ್ಚ್ 20ರಂದು ಸುಪ್ರೀಂ ಕೋರ್ಟ್ ಕಾಯ್ದೆಯ ಹಲ್ಲು ಕಿತ್ತಂಥ ತೀರ್ಪು ಕೊಟ್ಟಿತು, ಏಪ್ರಿಲ್ 2ರಂದು ದಲಿತ ಸಂಘಟನೆಗಳು ಭಾರತ್ ಬಂದ್ ಮಾಡಿದವು, ಅದೇ ವರ್ಷ ಸಂಸತ್ತು 18ಎ ಸೇರಿಸಿತು, 2020ರ ಫೆಬ್ರುವರಿಯಲ್ಲಿ ಸುಪ್ರೀಂ ಕೋರ್ಟೇ ಅದನ್ನು ಎತ್ತಿಹಿಡಿಯಿತು. ಬೀದಿಯಲ್ಲಿ ಗೆದ್ದದ್ದನ್ನು ಠಾಣೆಯ ಬೆಂಚಿನ ಮೇಲೆ ಕಳೆದುಕೊಳ್ಳುವುದು ಮಾತ್ರ ಇನ್ನೂ ನಿಂತಿಲ್ಲ.

ಹೇಳಿದ್ದನ್ನು ಬರೆದುಕೊಳ್ಳುವುದು, ಬರೆದದ್ದನ್ನು ಓದಿ ಹೇಳಿ ಸಹಿ ಹಾಕಿಸಿಕೊಳ್ಳುವುದು, ಎಫ್‌ಐಆರ್ ಪ್ರತಿಯನ್ನು ತಕ್ಷಣ ಕೊಡುವುದು, ಇವೆಲ್ಲ 4ನೇ ಕಲಂನಲ್ಲಿ ಅಧಿಕಾರಿಯ ಕರ್ತವ್ಯ. ಬೇಕೆಂದೇ ಮಾಡದಿದ್ದರೆ ಆರು ತಿಂಗಳಿಂದ ಒಂದು ವರ್ಷದವರೆಗೆ ಶಿಕ್ಷೆ. ತೆಗೆದುಕೊಳ್ಳುವುದೇ ಇಲ್ಲ ಎಂದರೆ ಅದೇ ದಿನ ದೂರನ್ನು ಎಸ್‌ಪಿಗೆ ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ ರಸೀದಿ ಇಟ್ಟುಕೊಳ್ಳಬೇಕು. ಅಲ್ಲೂ ಆಗದಿದ್ದರೆ ನ್ಯಾಯಾಲಯ. ಘಟನೆ ಬೇರೆ ಠಾಣೆಯ ವ್ಯಾಪ್ತಿಯದು ಎಂದು ವಾಪಸ್ ಕಳಿಸುವಂತಿಲ್ಲ, ಜೀರೋ ಎಫ್‌ಐಆರ್‌ಗೆ ಈಗ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲೇ ಜಾಗವಿದೆ. 2025ರಲ್ಲಿ ಇಂಥ ಪ್ರಕರಣಗಳನ್ನೇ ನೋಡಿಕೊಳ್ಳುವ ಪೊಲೀಸ್ ವಿಭಾಗವಾದ ನಾಗರಿಕ ಹಕ್ಕು ಜಾರಿ ನಿರ್ದೇಶನಾಲಯಕ್ಕೂ ಠಾಣೆಯ ಅಧಿಕಾರ ಬಂತು. ಒಳ್ಳೆಯ ಹೆಜ್ಜೆ. ಆದರೆ ಅದು ಜಿಲ್ಲಾ ಕೇಂದ್ರದಲ್ಲಿ. ಮಸ್ಕಿ, ಲಿಂಗಸುಗೂರು ಕಡೆಯಿಂದ ರಾಯಚೂರಿಗೆ ಹೋಗಿಬರುವುದೆಂದರೆ ಒಂದು ದಿನದ ಕೂಲಿ ಹೋಯಿತೆಂದೇ ಲೆಕ್ಕ.

ಈಗ ಆ ಮೊದಲ ಹಾಳೆ. ಠಾಣೆಯ ರೈಟರ್ ಬಳಿ ತಯಾರಿರುವ ವಾಕ್ಯ ಒಂದಿದೆ: ‘ಸದರಿ ಆರೋಪಿತರು ಫಿರ್ಯಾದಿದಾರನಿಗೆ ಅವಾಚ್ಯ ಶಬ್ದಗಳಿಂದ ಬೈದು, ಜಾತಿ ನಿಂದನೆ ಮಾಡಿ, ಜೀವ ಬೆದರಿಕೆ ಹಾಕಿರುತ್ತಾರೆ.’ ಓದಲು ಗಟ್ಟಿಯಾಗಿಯೇ ಇದೆ. ಕೋರ್ಟಿನಲ್ಲಿ ನಿಲ್ಲುವುದು ಇದರಲ್ಲಿ ಏನೂ ಇಲ್ಲ. ಯಾವ ಶಬ್ದ? ಯಾರು ಅಂದರು? ಎಲ್ಲಿ ನಿಂತು? ಯಾರು ಕೇಳಿಸಿಕೊಂಡರು? 3(1)(ಆರ್) ಮತ್ತು (ಎಸ್) ಕಲಂಗಳು ನಿಲ್ಲಬೇಕಾದರೆ ಅವಮಾನ ಸಾರ್ವಜನಿಕರ ಕಣ್ಣಿಗೆ ಬೀಳುವ ಜಾಗದಲ್ಲಿ ಆಗಿರಬೇಕು. ಮನೆಯ ನಾಲ್ಕು ಗೋಡೆಯೊಳಗೆ ಹೊರಗಿನವರು ಯಾರೂ ಇಲ್ಲದಾಗ ಅಂದದ್ದು ಈ ಕಲಂಗೆ ಬರುವುದಿಲ್ಲ ಎಂದು 2020ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ಹಾಗಾಗಿ ಬರೆಸಬೇಕಾದದ್ದು ಹೀಗೆ: ‘ಬೆಳಿಗ್ಗೆ ಎಂಟರ ಸುಮಾರಿಗೆ, ಊರ ಅಗಸಿ ಮುಂದಿನ ಹೋಟೆಲ್ ಕಟ್ಟೆಯ ಹತ್ತಿರ, ಇಂಥವರ ಮಗ ಇಂಥವನು ನನ್ನನ್ನು ನೋಡಿ...’ ಅಲ್ಲಿಂದ ಮುಂದೆ ಬಾಯಿಂದ ಬಂದ ಮಾತನ್ನು ಬಂದ ಹಾಗೆಯೇ, ಊರ ಭಾಷೆಯಲ್ಲೇ, ಜಾತಿಯ ಹೆಸರು ಸಮೇತ. ಹೇಸಿಗೆಯೆನಿಸಿದರೂ ನುಂಗಿಕೊಳ್ಳಬಾರದು. ಆಮೇಲೆ ಅಲ್ಲಿ ಚಹಾ ಕುಡಿಯುತ್ತ ಕುಳಿತಿದ್ದ ಇಬ್ಬರು ಮೂವರ ಹೆಸರು. ಕೇರಿಯ ಹೊರಗಿನವರು ಒಬ್ಬರಾದರೂ ಇದ್ದರೆ ಅವರದು ಮೊದಲು. ‘ಇವನು ಇಂಥ ಜಾತಿಯವನೆಂದು ನನಗೆ ಗೊತ್ತೇ ಇರಲಿಲ್ಲ’ ಎನ್ನುವ ವಾದಕ್ಕೆ ಉತ್ತರ 8(ಸಿ) ಕಲಂನಲ್ಲಿದೆ. ಆರೋಪಿಗೆ ಆ ಮನೆತನದ ಪರಿಚಯವಿದ್ದರೆ ಜಾತಿಯೂ ಗೊತ್ತಿತ್ತೆಂದು ನ್ಯಾಯಾಲಯ ಭಾವಿಸುತ್ತದೆ. ಆದ್ದರಿಂದ ‘ಆರೋಪಿ ನಮ್ಮದೇ ಊರಿನವನು, ನಮ್ಮ ತಂದೆ ಅವರ ಹೊಲದಲ್ಲಿ ದುಡಿದವರು’ ಎಂಬ ಒಂದು ಸಾಲು ಬರೆಸಿದರೆ ಮುಂದಿನ ತಲೆನೋವು ಅರ್ಧ ಕಡಿಮೆ.

ಕಲಂಗಳ ವಿಷಯಕ್ಕೆ ಇನ್ನೂ ಎಚ್ಚರ ಬೇಕು, ಯಾಕೆಂದರೆ ಇಲ್ಲಿ ದುಡ್ಡೂ ಇದೆ. ಹೊಡೆದು, ಅಡ್ಡಗಟ್ಟಿ, ಬೆದರಿಸಿದ ಪ್ರಕರಣದಲ್ಲೂ ಎಫ್‌ಐಆರ್‌ನಲ್ಲಿ ನ್ಯಾಯ ಸಂಹಿತೆಯ 115(2), 126(2), 351ರ ಜೊತೆಗೆ ಬರೀ 3(1)(ಆರ್), (ಎಸ್) ಹಾಕಿ ಕೈತೊಳೆದುಕೊಳ್ಳುವುದುಂಟು. ಆದರೆ ಹಲ್ಲೆ, ಅಡ್ಡಗಟ್ಟುವುದು, ಬೆದರಿಕೆ ಇವು ಕಾಯ್ದೆಯ ಅನುಸೂಚಿಯಲ್ಲೇ ಇರುವ ಅಪರಾಧಗಳು. ಅವಕ್ಕೆ 3(2)(ವಿಎ) ಬೀಳಬೇಕು. ಜಾತಿ ನಿಂದನೆಗೆ ಈ ಕಾಯ್ದೆಯ ನಿಯಮಗಳಂತೆ ಪರಿಹಾರ 1 ಲಕ್ಷ ರೂಪಾಯಿ, 3(2)(ವಿಎ)ಗೆ 2 ಲಕ್ಷ. ಎರಡರಲ್ಲೂ ಎಫ್‌ಐಆರ್ ಆದಾಗ ಕಾಲು ಭಾಗ, ದೋಷಾರೋಪ ಪಟ್ಟಿ ಕೋರ್ಟಿಗೆ ಹೋದಾಗ ಅರ್ಧ, ಕೆಳ ನ್ಯಾಯಾಲಯದಲ್ಲಿ ಶಿಕ್ಷೆಯಾದಾಗ ಉಳಿದ ಕಾಲು. ಕೊಲೆಯಾದರೆ 8.25 ಲಕ್ಷ, ಮರಣೋತ್ತರ ಪರೀಕ್ಷೆಯ ನಂತರ ಅರ್ಧ, ದೋಷಾರೋಪ ಪಟ್ಟಿಯ ನಂತರ ಅರ್ಧ. ಇದರ ಮೇಲೆ ಅವಲಂಬಿತರಿಗೆ ತಿಂಗಳಿಗೆ 5,000 ರೂಪಾಯಿ ಮೂಲ ಪಿಂಚಣಿ ಮತ್ತು ತುಟ್ಟಿಭತ್ಯೆ, ಮನೆಯ ಒಬ್ಬರಿಗೆ ಉದ್ಯೋಗ, ಮಕ್ಕಳಿಗೆ ಪದವಿವರೆಗೆ ಓದು. ಪರಿಹಾರದ ಹಣ ಕೈಸೇರುತ್ತದೆ. ಪಿಂಚಣಿ, ಉದ್ಯೋಗಕ್ಕೆ ಬೆನ್ನು ಹತ್ತಬೇಕು, ಬೆನ್ನು ಹತ್ತುವವರು ಕಡಿಮೆ.

ಈ ಭಾಗಕ್ಕೇ ಸೇರಿದ ತೊಡಕೊಂದಿದೆ, ಬೆಂಗಳೂರಿನಲ್ಲಿ ಕುಳಿತು ಕಾಯ್ದೆ ವಿವರಿಸುವವರು ಇದನ್ನು ಹೇಳುವುದಿಲ್ಲ. ಬಳ್ಳಾರಿ, ರಾಯಚೂರು, ಕೊಪ್ಪಳದ ಎಷ್ಟೋ ಊರುಗಳಲ್ಲಿ ಆರೋಪಿಗಳ ಪೈಕಿ ಕೆಲವರು ನಾಯಕ ಸಮುದಾಯದವರಿರುತ್ತಾರೆ, ಅಂದರೆ ಪರಿಶಿಷ್ಟ ಪಂಗಡ. ಆರೋಪಿ ಪರಿಶಿಷ್ಟ ಜಾತಿ ಅಥವಾ ಪಂಗಡದವನಾದರೆ ದೌರ್ಜನ್ಯ ಕಾಯ್ದೆಯ 3ನೇ ಕಲಂ ಅವನಿಗೆ ತಾಗುವುದಿಲ್ಲ. ದಲಿತರ ಗುಡಿಸಲು ಸುಟ್ಟ ಗಂಗಾವತಿ ತಾಲ್ಲೂಕಿನ ಮರಕುಂಬಿ ಪ್ರಕರಣದಲ್ಲೂ ಇದು ಕಣ್ಣಿಗೆ ರಾಚಿತು. 2024ರ ಅಕ್ಟೋಬರ್ 24ರಂದು ಕೊಪ್ಪಳದ ನ್ಯಾಯಾಲಯ 98 ಜನರಿಗೆ ಜೀವಾವಧಿ ವಿಧಿಸಿತು. ಮೂವರಿಗೆ ಮಾತ್ರ ಐದು ವರ್ಷ, ಅವರೇ ಪರಿಶಿಷ್ಟರಾದ್ದರಿಂದ ಕಾಯ್ದೆ ಅವರಿಗೆ ಅನ್ವಯಿಸಲಿಲ್ಲ. ಇಂಥ ಕಡೆ ಕೈಗೆ ಉಳಿಯುವುದು 1955ರ ನಾಗರಿಕ ಹಕ್ಕುಗಳ ಸಂರಕ್ಷಣಾ ಕಾಯ್ದೆ. ಅಸ್ಪೃಶ್ಯತೆ ಆಚರಿಸಿದವರು ಯಾವ ಜಾತಿಯವರೇ ಇರಲಿ, ಅದು ಅನ್ವಯಿಸುತ್ತದೆ. ಶಿಕ್ಷೆ ಒಂದರಿಂದ ಆರು ತಿಂಗಳು, ದಂಡ ನೂರರಿಂದ ಐನೂರು ರೂಪಾಯಿ. ಇಂದಿನ ದಿನಕ್ಕೆ ನಗೆಪಾಟಲು. ಆದರೂ ಮಿಶ್ರ ಆರೋಪಿಗಳಿದ್ದಾಗ ಎರಡೂ ಕಾಯ್ದೆಗಳನ್ನು ಹಾಕಿಸದಿದ್ದರೆ ಕೆಲವರು ಬರೀ ಸಣ್ಣ ಹೊಡೆದಾಟದ ಕಲಂನಲ್ಲಿ ಜಾರಿಕೊಳ್ಳುತ್ತಾರೆ.

ಹೋಟೆಲ್, ಸಲೂನ್, ಗುಡಿಗೆ ಬಿಡದಿರುವುದು. ಇವು 3(1)(ಜೆಡ್‌ಎ) ಕಲಂಗೆ ಬರುತ್ತವೆ, ಬಹಿಷ್ಕಾರ (ಜೆಡ್‌ಸಿ)ಗೆ. ಕುಷ್ಟಗಿ ತಾಲ್ಲೂಕಿನ ಮಿಯಾಪುರದಲ್ಲಿ 2021ರಲ್ಲಿ ಎರಡು ವರ್ಷದ ದಲಿತ ಮಗು ಗುಡಿಯೊಳಗೆ ಹೋಯಿತೆಂದು ಮನೆಯವರಿಗೆ 25,000 ರೂಪಾಯಿ ದಂಡ ಹೊರಿಸಿದ್ದು ನಾಡಿಗೆಲ್ಲ ಗೊತ್ತಾಯಿತು, ಅಲ್ಲಿ ದಂಡವೇ ಸಾಕ್ಷಿಯಾಯಿತು. ಈಗಿನ ಅಸ್ಪೃಶ್ಯತೆ ಅಷ್ಟು ದಡ್ಡತನ ತೋರಿಸುವುದಿಲ್ಲ. ಕೇರಿಯ ಹುಡುಗ ಬಂದ ಕೂಡಲೇ ಸಲೂನಿನವನು ‘ಬ್ಲೇಡ್ ಖಾಲಿ ಆಗ್ಯಾವ’ ಅನ್ನುತ್ತಾನೆ, ಶಟರ್ ಅರ್ಧ ಎಳೆಯುತ್ತಾನೆ. ಹೋಟೆಲಿನಲ್ಲಿ ಒಬ್ಬರಿಗೆ ಸ್ಟೀಲ್ ಲೋಟ, ಇನ್ನೊಬ್ಬರಿಗೆ ‘ಸ್ವಚ್ಛತೆಗಾಗಿ’ ಪೇಪರ್ ಕಪ್ಪು. ಬಾಯಿಂದ ಜಾತಿ ಹೆಸರು ಬರುವುದೇ ಇಲ್ಲ. ಇಂಥದ್ದಕ್ಕೆ ಬೇಕಾದದ್ದು ಹೋಲಿಕೆಯ ಸಾಕ್ಷ್ಯ: ಸ್ಟೀಲ್ ಲೋಟವೂ ಪೇಪರ್ ಕಪ್ಪೂ ಒಂದೇ ಚೌಕಟ್ಟಿನಲ್ಲಿರುವ ವಿಡಿಯೊ, ತಿರಸ್ಕರಿಸಿದ ಹತ್ತು ನಿಮಿಷಕ್ಕೇ ಬೇರೆಯವರಿಗೆ ಕ್ಷೌರ ಮಾಡಿದ ದೃಶ್ಯ. ಕತ್ತರಿಸಿ ಅಂಟಿಸಿದ ವಾಟ್ಸ್‌ಆ್ಯಪ್ ತುಣುಕು ಬೇಡ. ಮೂಲ ಫೈಲ್ ತೆಗೆದ ಫೋನಿನಲ್ಲೇ ಅಳಿಸದೆ ಇರಬೇಕು, ಇಲ್ಲವಾದರೆ ಕೋರ್ಟಿನಲ್ಲಿ ಅದರ ಅಸಲಿತನಕ್ಕೇ ಜಗಳ ಶುರುವಾಗುತ್ತದೆ.

ತನಿಖೆ ಡಿವೈಎಸ್‌ಪಿ ದರ್ಜೆಗೆ ಕಡಿಮೆಯಿಲ್ಲದವರೇ ಮಾಡಬೇಕು, 60 ದಿನದಲ್ಲಿ ದೋಷಾರೋಪ ಪಟ್ಟಿ ಹೋಗಬೇಕು. ಇಲ್ಲಿ ಕೆಡುವುದು ಕೌಂಟರ್ ಕೇಸಿನಿಂದ. ಎಫ್‌ಐಆರ್ ಆದ ಮರುದಿನವೇ ಎದುರಿನವರು ಕಳವು, ಹಲ್ಲೆ, ಇಲ್ಲವೇ ಹೆಣ್ಣುಮಗಳೊಬ್ಬಳಿಂದ ಇನ್ನೊಂದು ದೂರು ಕೊಡಿಸುತ್ತಾರೆ. ಆಮೇಲೆ ‘ನೀವೂ ತೆಗೀರಿ, ನಾವೂ ತೆಗೀತೀವಿ’ ಎಂಬ ರಾಜಿ ಪಂಚಾಯ್ತಿ. ಇದಕ್ಕೆ ಮದ್ದೆಂದರೆ ಗಾಯವಾಗಿದ್ದರೆ ಅದೇ ದಿನ ಸರ್ಕಾರಿ ಆಸ್ಪತ್ರೆಯಲ್ಲಿ ಎಂಎಲ್‌ಸಿ, ಅಂದರೆ ಪೊಲೀಸ್ ಕೇಸಿಗೆ ಬೇಕಾದ ಗಾಯದ ದಾಖಲೆ, ಮಾಡಿಸುವುದು. ಖಾಸಗಿ ಕ್ಲಿನಿಕ್ಕಿನ ಚೀಟಿಯನ್ನು ನೆಚ್ಚಿಕೊಂಡರೆ ಕೆಟ್ಟಂತೆ. ಠಾಣೆಯವರು ಕೇಸಿನಲ್ಲಿ ಹುರುಳಿಲ್ಲವೆಂದು ಮುಗಿಸುವ ಬಿ ರಿಪೋರ್ಟ್ ಹಾಕಿದರೆ ಕಥೆ ಮುಗಿಯಿತೆಂದು ಬಿಡಬಾರದು, ಅದರ ವಿರುದ್ಧ ಕೋರ್ಟಿನಲ್ಲಿ ತಕರಾರು ಅರ್ಜಿ ಹಾಕಬಹುದು.

ಪರಿಹಾರದ ಮೊದಲ ಕಂತಿಗೆ ನಿಯಮ 12(4) ಕೊಡುವ ಗಡುವು ಏಳು ದಿನ. ಅದು ಜಾರುವುದಕ್ಕೆ ಕಾರಣಗಳು ಸಪ್ಪೆಯಾದವು: ಜಾತಿ ಪ್ರಮಾಣಪತ್ರದಲ್ಲಿ ಒಂದು ಹೆಸರು, ಆಧಾರ್ ಕಾರ್ಡಿನಲ್ಲಿ ಇನ್ನೊಂದು, ಖಾತೆಗೆ ಎನ್‌ಪಿಸಿಐ (ಆಧಾರ್) ಜೋಡಣೆ ಇಲ್ಲ, ಪ್ರಮಾಣಪತ್ರಕ್ಕೇ ನಾಡಕಚೇರಿಯಲ್ಲಿ ಅಲೆದಾಟ. ಕೇರಿಯ ಪ್ರತಿ ಮನೆಯಲ್ಲೂ ಆರ್‌ಡಿ ಸಂಖ್ಯೆಯ ಪ್ರಮಾಣಪತ್ರ ಮೊದಲೇ ಮಾಡಿಸಿಟ್ಟಿರುವುದು ಯಾವ ಧರಣಿಗೂ ಕಡಿಮೆಯ ಕೆಲಸವಲ್ಲ. ಕ್ರೈಸ್ತರಾಗಿ ಮತಾಂತರವಾದ ಮನೆಗಳಿಗೆ ಇಲ್ಲಿ ಬಾಗಿಲು ಮುಚ್ಚಿದೆ. 1950ರ ರಾಷ್ಟ್ರಪತಿ ಆದೇಶದಂತೆ ಪರಿಶಿಷ್ಟ ಜಾತಿಯ ಸ್ಥಾನ ಹಿಂದೂ, ಸಿಖ್, ಬೌದ್ಧರಿಗಷ್ಟೇ. ಊರಿನವರು ಬೈಯುವಾಗ ಮಾತ್ರ ಆ ಆದೇಶ ನೋಡಿ ಬೈಯುವುದಿಲ್ಲ.

ಕೋರ್ಟಿಗೆ ಒಂದೂವರೆ ಅಂಕ. 14ನೇ ಕಲಂ ಆದಷ್ಟು ಮಟ್ಟಿಗೆ ಎರಡು ತಿಂಗಳಲ್ಲಿ ವಿಚಾರಣೆ ಮುಗಿಯಲಿ ಎನ್ನುತ್ತದೆ. ಮರಕುಂಬಿಯಲ್ಲಿ ಗುಡಿಸಲು ಸುಟ್ಟದ್ದು 2014ರ ಆಗಸ್ಟ್‌ನಲ್ಲಿ, ತೀರ್ಪು ಬಂದದ್ದು ಹತ್ತು ವರ್ಷಕ್ಕೆ, ಮರುತಿಂಗಳೇ ಹೈಕೋರ್ಟಿನ ಧಾರವಾಡ ಪೀಠದಿಂದ ಬಹುತೇಕರಿಗೆ ಜಾಮೀನು. ಹೀಗಿದ್ದೂ ಅಷ್ಟು ವರ್ಷ ಸಾಕ್ಷಿಗಳು ಗಟ್ಟಿ ನಿಂತದ್ದೇ ಆ ತೀರ್ಪಿನ ಬಲ. 2000ದಲ್ಲಿ ಏಳು ಮಂದಿ ದಲಿತರನ್ನು ಸುಟ್ಟ ಕಂಬಾಲಪಲ್ಲಿಯಲ್ಲಿ ಸಾಕ್ಷಿಗಳು ತಿರುಗಿಬಿದ್ದು ಆರೋಪಿಗಳೆಲ್ಲ ಬಿಡುಗಡೆಯಾದರು.

ಸಾಕ್ಷಿ ತಿರುಗಿಬೀಳುವುದಕ್ಕೆ ಹೆದರಿಕೆ ಒಂದು ಕಾರಣ, ಕೂಲಿ ಇನ್ನೊಂದು. ನಿಯಮ 11ರಂತೆ ಕೋರ್ಟಿಗೆ, ತನಿಖೆಗೆ ಬರುವ ಸಂತ್ರಸ್ತರಿಗೂ ಸಾಕ್ಷಿಗಳಿಗೂ ಹೋಗಿಬರುವ ಬಸ್ ಖರ್ಚು, ಜೊತೆಗೆ ಕೃಷಿ ಕೂಲಿಯ ಕನಿಷ್ಠ ವೇತನಕ್ಕೆ ಕಡಿಮೆಯಿಲ್ಲದ ದಿನಭತ್ಯೆ ಕೊಡಬೇಕು, ಅದೂ ಮೂರು ದಿನದೊಳಗೆ. ಈ ಸೇವೆಯಲ್ಲಿ ಅತಿ ಕಡಿಮೆ ಬಳಕೆಯಾಗುವ ಸವಲತ್ತು ಇದೇ. ಶಕ್ತಿ ಯೋಜನೆಯ ಶೂನ್ಯ ಟಿಕೆಟ್ ಹಿಡಿದ ಹೆಣ್ಣುಮಕ್ಕಳು ‘ನಮಗೇನು ಬರ್ತದ’ ಎಂದು ಬಿಟ್ಟುಬಿಡುತ್ತಾರೆ. ಬಸ್ ಪುಕ್ಕಟೆಯಾದರೂ ದಿನದ ಕೂಲಿಯ ಹಕ್ಕು ಹಾಗೇ ಇದೆ. ಆ ಟಿಕೆಟ್ಟನ್ನೂ ಸಮನ್ಸ್ ಪ್ರತಿಯನ್ನೂ ಒಟ್ಟಿಗೆ ಪಿನ್ ಮಾಡಿ ಸಮಾಜ ಕಲ್ಯಾಣ ಇಲಾಖೆಗೆ ಅರ್ಜಿ ಕೊಡಬೇಕು. ಆರೋಪಿಯ ಜಾಮೀನು ಅರ್ಜಿ ಬಂದಾಗ ಸಂತ್ರಸ್ತರಿಗೆ ನೋಟಿಸ್ ಕೊಡಲೇಬೇಕು, ಅವರ ಮಾತು ಕೇಳಲೇಬೇಕು ಎನ್ನುತ್ತದೆ 15ಎ ಕಲಂ. ನೋಟಿಸ್ ಇಲ್ಲದೆ ಜಾಮೀನು ಸಿಕ್ಕಿದ್ದರೆ ಅದನ್ನು ರದ್ದುಪಡಿಸಲು ಅದೊಂದೇ ಅಂಶ ಹಿಡಿದು ಮೇಲಿನ ಕೋರ್ಟಿಗೆ ಹೋಗಬಹುದು. ವಕೀಲರ ಫೀಸಿಗೆ ಅಂಜಬೇಕಿಲ್ಲ, ಪರಿಶಿಷ್ಟರಿಗೆ ಆದಾಯ ಎಷ್ಟೇ ಇದ್ದರೂ ಕಾನೂನು ಸೇವಾ ಪ್ರಾಧಿಕಾರದಲ್ಲಿ ವಕೀಲರು ಉಚಿತ. ಕರೆ ಮಾಡಬೇಕಾದ ಸಂಖ್ಯೆ 15100.

ಎಲ್ಲೂ ಕೆಲಸ ಮುಂದೆ ಹೋಗದಿದ್ದರೆ ಜಿಲ್ಲಾಧಿಕಾರಿ ಅಧ್ಯಕ್ಷತೆಯ ಜಿಲ್ಲಾ ಜಾಗೃತಿ ಮತ್ತು ಉಸ್ತುವಾರಿ ಸಮಿತಿ ಇದೆ. ನಿಯಮ 17ರಂತೆ ಮೂರು ತಿಂಗಳಿಗೊಮ್ಮೆಯಾದರೂ ಸೇರಬೇಕು. ಸಂಘಟನೆಗಳು ಅಲ್ಲಿಗೆ ಘೋಷಣೆ ಒಯ್ಯುವುದಕ್ಕಿಂತ ಒಂದು ಪಟ್ಟಿ ಒಯ್ದರೆ ಕೆಲಸವಾಗುತ್ತದೆ: ಎಫ್‌ಐಆರ್ ಸಂಖ್ಯೆ, ತಾರೀಖು, 60 ದಿನ ತುಂಬಿದ್ದು ಯಾವತ್ತು, ಎಷ್ಟನೇ ಕಂತು ಬಾಕಿ. ಪಟ್ಟಿಯನ್ನು ಸಭೆಗೆ ಒಂದು ವಾರ ಮೊದಲೇ ಟಪಾಲಿನಲ್ಲಿ ಕೊಟ್ಟು ಸ್ವೀಕೃತಿ ಸೀಲು ಹಾಕಿಸಿಕೊಳ್ಳಬೇಕು, ಮತ್ತು ಸಭೆಯ ನಡಾವಳಿಯ ಪ್ರತಿಯನ್ನು ಮಾಹಿತಿ ಹಕ್ಕಿನಲ್ಲಿ ಕೇಳಿ ತೆಗೆದುಕೊಳ್ಳಬೇಕು.